‘ಸ್ಕೂಲ್ ಮಾಸ್ಟರ್’ (1958): ಮಕ್ಕಳದೇ ತಪ್ಪಾ, ಮೇಷ್ಟ್ರೂ ಎಡವಿದ್ರಾ?

ಹಳೇರೀಲು

ಬಿ.ಆರ್. ಪಂತುಲು ಅವರ ‘ಸ್ಕೂಲ್ ಮಾಸ್ಟರ್’ ಮೊನ್ನೆ ಮತ್ತೆ ನೋಡಿದೆ. ಮೊದಲು ನೋಡಿದ್ದು ಹುಡುಗನಾಗಿದ್ದಾಗ, ದೂರದರ್ಶನದಲ್ಲಿ, ಪಕ್ಕದ ಮನೆಯವರ ಹಜಾರದಲ್ಲಿ ನೆಲದ ಮೇಲೆ ಕೂತು. ಎಲ್ಲರ ಜೊತೆ ನಾನೂ ಅತ್ತಿದ್ದೆ. ಮನೆಗೆ ಬರುವ ತನಕ ಆ ಮಕ್ಕಳಿಗೆ ಶಾಪ ಹಾಕಿದ್ದೆ. ಈಗ ನನಗೆ 47. ಈ ಸಲವೂ ಅಳು ಬಂತು, ಆದರೆ ಕೋಪ ಬೇರೆ ಕಡೆ ತಿರುಗಿತು.

ನೋಡದೇ ಇರುವವರಿಗೆ ಕಥೆ ಚುಟುಕಾಗಿ ಹೇಳಿಬಿಡುತ್ತೇನೆ. ರಂಗಪ್ಪ ಹಳ್ಳಿ ಶಾಲೆಯ ಮೇಷ್ಟ್ರು. ನೇರ ಮನುಷ್ಯ, ಊರಿನ ದೊಡ್ಡವರ ಜೊತೆ ಹೊಂದಿಕೊಳ್ಳುವ ಜಾಣತನ ಇಲ್ಲ. ಶಿಷ್ಯರಿಗೆ ಮಾತ್ರ ಅವರೆಂದರೆ ಪ್ರಾಣ. ಕಾಲ ಕಳೆದು ನಿವೃತ್ತಿ ಆಗುತ್ತದೆ, ಮಕ್ಕಳು ದೊಡ್ಡವರಾಗುತ್ತಾರೆ. ಆಗ ಅಪ್ಪ ಅಮ್ಮ ಇಬ್ಬರನ್ನೂ ಒಟ್ಟಿಗೆ ಇಟ್ಟುಕೊಳ್ಳುವುದು ಯಾರಿಗೂ ಆಗುವುದಿಲ್ಲ. ಅಪ್ಪ ಒಂದು ಕಡೆ, ಅಮ್ಮ ಇನ್ನೊಂದು ಕಡೆ. ಇದ್ದೊಂದು ಮನೆಯೂ ಸಾಲಕ್ಕೆ ಹರಾಜಿಗೆ ಬರುತ್ತದೆ. ಹಳೇ ಶಿಷ್ಯನೊಬ್ಬ ಪೊಲೀಸ್ ಅಧಿಕಾರಿಯಾಗಿ ಬಂದು ಕೈ ಹಿಡಿಯುತ್ತಾನೆ. ಆ ಚಿಕ್ಕ ಪಾತ್ರದಲ್ಲಿ ಶಿವಾಜಿ ಗಣೇಶನ್.

ನನ್ನ ತಕರಾರು ಏನು ಅಂದ್ರೆ, ಊರಿನ ಮಕ್ಕಳನ್ನೆಲ್ಲ ತಿದ್ದಿದ ಮೇಷ್ಟ್ರ ಸ್ವಂತ ಮಕ್ಕಳು ಯಾಕೆ ಹೀಗಾದರು? ಕಷ್ಟ ಬಂದಾಗ ಶಿಷ್ಯ ಓಡಿ ಬರುತ್ತಾನೆ, ಮಗ ಬರುವುದಿಲ್ಲ. ಸಿನಿಮಾ ಈ ಪ್ರಶ್ನೆ ಕೇಳದೆ ಸುಮ್ನೆ ದಾಟಿಕೊಂಡು ಹೋಗುತ್ತದೆ. ಅಥವಾ ಕೇಳಿದೆ, ನನಗೇ ಕಾಣಲಿಲ್ಲವೋ? ನಿಮಗೆ ಏನನ್ನಿಸುತ್ತದೆ?

ಮೇಷ್ಟ್ರಮಗಳು

ನಿಮ್ಮ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇದೆ, ಆದರೆ ಸಿನಿಮಾದಿಂದ ಬಂದಿದ್ದಲ್ಲ.

ನಮ್ಮಪ್ಪ ಪ್ರೈಮರಿ ಶಾಲೆ ಮೇಷ್ಟ್ರು. ಸಂಜೆ ಮನೆಗೆ ಬಂದರೆ ಅಂಗಿಯ ಬಲತೋಳಿಗೆ ಸೀಮೆಸುಣ್ಣದ ಪುಡಿ ಮೆತ್ತಿರುತ್ತಿತ್ತು. ಕೈಕಾಲು ತೊಳೆದು, ಕಾಫಿ ಕುಡಿದು, ಕಟ್ಟು ಕಾಪಿ ಪುಸ್ತಕ ಬಿಚ್ಚಿಕೊಂಡು ಕೂರುವರು. ಕೆಂಪು ಶಾಯಿ ಪೆನ್ನು. ‘ಳ’ ಸರಿಯಾಗಿ ಬರೆಯದ ಮಗುವಿಗೆ ಪಕ್ಕದಲ್ಲೇ ನಾಲ್ಕು ಸಲ ದುಂಡಗೆ ಬರೆದು ತೋರಿಸುವರು. ಅಷ್ಟು ತಾಳ್ಮೆ! ನನ್ನ ಕಾಪಿ ಪುಸ್ತಕವನ್ನು ಅವರು ಒಂದು ದಿನ ಬಿಡಿಸಿ ನೋಡಿದ ನೆನಪು ನನಗಿಲ್ಲ. ನನ್ನ ‘ಳ’ ಈಗಲೂ ಸೊಟ್ಟಗೇ ಇದೆ.

ಅಪ್ಪನ ಮೇಲೆ ಪ್ರೀತಿ ಇಲ್ಲ ಅಂತಲ್ಲ. ತಾಳ್ಮೆಯೆಲ್ಲ ಶಾಲೆಯಲ್ಲೇ ಖರ್ಚಾಗಿ ಹೋಗುತ್ತಿತ್ತು, ಮನೆಗೆ ಉಳಿದಿದ್ದು ಆಯಾಸ. ಅವರ ಶಿಷ್ಯರು ಸಿಕ್ಕಾಗಲೆಲ್ಲ ‘ನಿಮ್ಮಪ್ಪ ದೇವರಂಥೋರು’ ಅನ್ನುತ್ತಾರೆ. ಹೌದು ಅನ್ನುತ್ತೇನೆ. ದೇವರ ಹತ್ತಿರ ಹೋಂವರ್ಕ್ ತೋರಿಸೋದಕ್ಕೆ ಆಗಲ್ಲ ಅಲ್ವಾ?

ಬಯಲುಸೀಮೆ

ಇದರಲ್ಲಿ ರಾಜಕುಮಾರ್ ದೊಡ್ಡ ಮಗನ ಪಾತ್ರ ಅಲ್ವಾ? ನಮ್ಮ ತಾತ ಹಾಗೆ ಹೇಳುತ್ತಿದ್ದರು.

ಟೆಂಟ್‌ಸಿನಿಮಾ

ಇಲ್ಲ ಬಯಲುಸೀಮೆಯವರೇ, ಈ ಚಿತ್ರದಲ್ಲಿ ರಾಜಕುಮಾರ್ ಇಲ್ಲ. 1954ರಲ್ಲಿ ‘ಬೇಡರ ಕಣ್ಣಪ್ಪ’ ಬಂದಾಗಿತ್ತು, ಹಾಗಾಗಿ ಆ ಹೊತ್ತಿನ ಸಿನಿಮಾ ಅಂದ್ರೆ ಅವರೇ ಇರಬೇಕು ಅಂತ ನೆನಪು ಕಲಸಿಕೊಳ್ಳುತ್ತದೆ. ಇಲ್ಲಿ ಮೇಷ್ಟ್ರ ಪಾತ್ರ ಪಂತುಲು ಅವರದೇ. ನಿರ್ಮಾಪಕರು, ನಿರ್ದೇಶಕರೂ ಅವರೇ, ತಮ್ಮ ಪದ್ಮಿನಿ ಪಿಕ್ಚರ್ಸ್ ಹೆಸರಲ್ಲಿ. ಹೆಂಡತಿಯ ಪಾತ್ರ ಎಂ.ವಿ. ರಾಜಮ್ಮನವರದು. ಸಂಗೀತ ಟಿ.ಜಿ. ಲಿಂಗಪ್ಪ.

ಈ ಜೋಡಿಯ ಬಗ್ಗೆ ಒಂದು ಮಾತು ಹೇಳಲೇಬೇಕು. ಇಬ್ಬರೂ ಸಿನಿಮಾಕ್ಕೆ ಬಂದಿದ್ದು ಒಂದೇ ಚಿತ್ರದಿಂದ, 1936ರ ‘ಸಂಸಾರ ನೌಕೆ’. ಎಚ್.ಎಲ್.ಎನ್. ಸಿಂಹ ನಿರ್ದೇಶನ. ಅಲ್ಲಿ ಎಳೆಯ ಜೋಡಿ. 22 ವರ್ಷ ಆದ ಮೇಲೆ ಇಲ್ಲಿ ತಲೆ ನೆರೆತ ಜೋಡಿ. ನಡುವೆ ರಾಜಮ್ಮ ಸುಮ್ಮನೆ ಕೂತಿರಲಿಲ್ಲ. 1943ರಲ್ಲಿ ‘ರಾಧಾರಮಣ’ ಚಿತ್ರಕ್ಕೆ ದುಡ್ಡು ಹಾಕಿ ಕನ್ನಡದ ಮೊದಲ ನಿರ್ಮಾಪಕಿ ಅನ್ನಿಸಿಕೊಂಡರು. ‘ಸ್ಕೂಲ್ ಮಾಸ್ಟರ್’ ಹೊತ್ತಿಗೆ ಅವರಿಗೆ ಇನ್ನೂ ನಲವತ್ತು ತುಂಬಿರಲಿಲ್ಲ. ಮುದುಕಿಯಾಗಿ ನಿಂತರೆ ಮುದುಕಿಯೇ. ತಲೆಗೆ ಬಿಳಿ ಬಣ್ಣ ಹಚ್ಚಿದರೆ ಮುಪ್ಪು ಬರಲ್ಲ ಸ್ವಾಮಿ, ಕೂರುವಾಗ ಏಳುವಾಗ ಬರಬೇಕು. ಅವರಿಗೆ ಅದು ಬಂದಿತ್ತು.

ಬಯಲುಸೀಮೆ

ಓ ಹೌದಾ. ತಾತನಿಗೆ ಹೇಳೋಕೆ ಈಗ ಆಗಲ್ಲ, ನಾನೇ ತಿದ್ದಿಕೊಳ್ಳುತ್ತೇನೆ. 🙏

ಮದರಾಸಿನಕನ್ನಡಿಗ

ಹಳೇರೀಲು ಅವರ ಪ್ರಶ್ನೆಗೆ ಪಕ್ಕದ ದಾರಿಯಿಂದ ಬರುತ್ತೇನೆ.

ಇದೇ ಕಥೆಯನ್ನು ಪಂತುಲು ತಮಿಳಿನಲ್ಲೂ ಅದೇ ವರ್ಷ ತಂದರು. ಅಲ್ಲಿ ಹೆಸರು ‘ಎಂಗಳ್ ಕುಡುಂಬಂ ಪೆರಿಸು’. ಅಂದರೆ ‘ನಮ್ಮ ಸಂಸಾರ ದೊಡ್ಡದು’. ಕನ್ನಡದ ಹೆಸರು ಮನುಷ್ಯನ ಕೆಲಸ ಹೇಳುತ್ತದೆ, ತಮಿಳಿನದು ಮನೆ ಎಷ್ಟು ದೊಡ್ಡದು ಅಂತ ಹೇಳುತ್ತದೆ. ಆ ತಮಿಳು ಹೆಸರೇ ನನಗೆ ಕೀಲಿಕೈ ಥರ ಕಾಣುತ್ತದೆ. ದೊಡ್ಡ ಸಂಸಾರ ಯಾವುದು? ಹೆತ್ತ ಮಕ್ಕಳದಾ, ಕಲಿತ ಮಕ್ಕಳದಾ? ಹೆತ್ತವರು ಬಿಟ್ಟರೆ ಕಲಿತವರು ಇದ್ದಾರೆ ಅನ್ನುವುದೇ ಕಥೆ. ಹಾಗಾಗಿ ನೀವು ಕೇಳಿದ ಪ್ರಶ್ನೆಯನ್ನು ಸಿನಿಮಾ ದಾಟಿಕೊಂಡು ಹೋಗಿಲ್ಲ. ಅದರ ಮೇಲೇ ನಿಂತಿದೆ, ಬೈದು ಹೇಳಿಲ್ಲ ಅಷ್ಟೇ.

ಮುಂದೆ 1959ರಲ್ಲಿ ಅವರೇ ಹಿಂದಿಗೂ ತೆಗೆದುಕೊಂಡು ಹೋದರು. ಮಲಯಾಳಂನಲ್ಲಿ 1964ರಲ್ಲಿ ಬಂತು, ಮಾಡಿದ್ದು ಯಾರು ಗೊತ್ತಾ? ಪಂತುಲು ಅವರ ಗರಡಿಯಲ್ಲಿ ಪಳಗಿದ ಪುಟ್ಟಣ್ಣ ಕಣಗಾಲ್! ಕನ್ನಡದಲ್ಲಿ ‘ಬೆಳ್ಳಿಮೋಡ’ ಮಾಡುವ ಮೊದಲೇ. ಮೇಷ್ಟ್ರ ಕಥೆಯಿಂದಲೇ ಶಿಷ್ಯನ ನಿರ್ದೇಶನ ಶುರುವಾಯಿತು. 1972ರಲ್ಲಿ ತೆಲುಗಿನ ‘ಬಡಿ ಪಂತುಲು’, ಎನ್.ಟಿ. ರಾಮರಾವ್ ಮತ್ತು ಅಂಜಲಿ ದೇವಿ. ತೆಲುಗಿನಲ್ಲಿ ಪಂತುಲು ಅಂದ್ರೆ ಮೇಷ್ಟ್ರು. ನಮ್ಮ ಪಂತುಲು ಹುಟ್ಟಿದ್ದೂ ಕೋಲಾರದ ಕಡೆ, ತೆಲುಗು ಗಾಳಿ ಬೀಸುವ ಜಾಗ. ಹೆಸರಲ್ಲೇ ಪಾತ್ರ ಇತ್ತು.

ಗೋಡೆಗಡಿಯಾರ

ಹಾಗಾದರೆ ಹಿಂದಿಯ ‘ಬಾಗ್‌ಬಾನ್’ ಇದರ ಕಾಪಿನಾ?

ಮದರಾಸಿನಕನ್ನಡಿಗ

ಅಷ್ಟು ಸಲೀಸಾಗಿ ಹೇಳಕ್ಕಾಗಲ್ಲ. ಇದಕ್ಕೂ ಮೊದಲು, 1954ರಲ್ಲಿ, ಮರಾಠಿಯಲ್ಲಿ ರಾಜಾ ಪರಾಂಜಪೆ ‘ಊನ್ ಪಾಊಸ್’ ಮಾಡಿದ್ದರು. ‘ಬಿಸಿಲು ಮಳೆ’ ಅಂತ ಅರ್ಥ. ಅಲ್ಲೂ ಮಕ್ಕಳ ಮನೆಗಳ ನಡುವೆ ಹಂಚಿಹೋದ ಮುದಿ ಜೋಡಿ. ಅದಕ್ಕೂ ಹಿಂದೆ, 1937ರಲ್ಲಿ ಹಾಲಿವುಡ್ಡಿನಲ್ಲಿ ಲಿಯೋ ಮೆಕ್ಯಾರಿ ‘ಮೇಕ್ ವೇ ಫಾರ್ ಟುಮಾರೋ’ ಮಾಡಿದ್ದರು. ಅಲ್ಲಿ ಮನೆ ಹೋಗುವುದು ಬ್ಯಾಂಕಿನ ಪಾಲಿಗೆ. ಐದು ಮಕ್ಕಳಲ್ಲಿ ಒಬ್ಬರೂ ಇಬ್ಬರನ್ನೂ ಒಟ್ಟಿಗೆ ಕರೆದುಕೊಳ್ಳುವುದಿಲ್ಲ. ಕೊನೆಗೆ ಗಂಡ ರೈಲು ಹತ್ತುತ್ತಾನೆ, ಹೆಂಡತಿ ಪ್ಲಾಟ್‌ಫಾರ್ಮಿನಲ್ಲಿ ನಿಲ್ಲುತ್ತಾಳೆ. ಮುಗೀತು. ಯಾವ ಶಿಷ್ಯನೂ ಬರುವುದಿಲ್ಲ.

ಮತ್ತೆ 2003ರ ‘ಬಾಗ್‌ಬಾನ್’ ಕನ್ನಡಕ್ಕೆ ವಾಪಸ್ ಬಂತು, 2007ರಲ್ಲಿ, ‘ಈ ಬಂಧನ’ ಅಂತ. ವಿಷ್ಣುವರ್ಧನ್, ಜಯಪ್ರದಾ. ತವರಿನ ಕಥೆ ಊರೆಲ್ಲ ಸುತ್ತಿ ನೆಂಟನ ಥರ ಮನೆಗೆ ಬಂದ ಹಾಗೆ. ನೋಡಿದವರಿಗೆ ಗುರುತೇ ಹತ್ತಲಿಲ್ಲ.

ಹಳೇರೀಲು

ರೈಲಿನ ಆ ಕೊನೆ ಓದಿ ಎದೆ ಝಲ್ಲೆಂದಿತು. ನಮ್ಮವರು ಹಾಗೆ ಮುಗಿಸಿದ್ದರೆ ಟೆಂಟಿನಲ್ಲಿ ಜನ ಕುರ್ಚಿ ಎತ್ತಿ ಹಾಕುತ್ತಿದ್ದರೇನೋ.

ಆದರೆ ಈಗ ನನ್ನ ತಕರಾರು ಇನ್ನೂ ಗಟ್ಟಿಯಾಯಿತು. ಶಿಷ್ಯ ಬರುವುದು ನಮ್ಮವರು ಸೇರಿಸಿಕೊಂಡ ಸಮಾಧಾನ. ಬೇರೆ ಕೆಲಸದ ಮುದುಕನಾಗಿದ್ದರೆ? ಗುಮಾಸ್ತ, ಬಡಗಿ, ಕೂಲಿಯವನು? ಅವನಿಗೆ ಯಾವ ಶಿಷ್ಯ?

ಟೆಂಟ್‌ಸಿನಿಮಾ

ಗುಮಾಸ್ತನ ಕಥೆಯನ್ನೂ ಪಂತುಲು ಮಾಡಿದ್ದಾರೆ ಸ್ವಾಮಿ. 1955ರ ‘ಮೊದಲ ತೇದಿ’. ಸಂಬಳದ ದಿನವನ್ನೇ ಹೆಸರಾಗಿ ಇಟ್ಟ ಸಿನಿಮಾ. ಕಿತ್ತೂರು ಚೆನ್ನಮ್ಮ, ಕಟ್ಟಬೊಮ್ಮನ್, ಕರ್ಣನ್, ಶ್ರೀಕೃಷ್ಣದೇವರಾಯ ಅಂತ ಕಿರೀಟ ಕತ್ತಿಯ ಸಿನಿಮಾಗಳಿಂದಲೇ ಅವರನ್ನು ನೆನೆಯುತ್ತೇವೆ. ಆದರೆ ತಿಂಗಳ ಕೊನೆಗೆ ಡಬ್ಬದ ತಳ ಕಾಣುವ ಮನೆಗಳನ್ನು ಅವರು ಮೊದಲೇ ನೋಡಿದ್ದರು. ನನ್ನ ಮಟ್ಟಿಗೆ ಆ ಪಂತುಲು ದೊಡ್ಡವರು. ಒಪ್ಪದಿದ್ದರೆ ಜಗಳ ಬೇಡ.

ಚೀಲದಜ್ಜಿ

ನಾನು ಯಾವಾಗಲೂ ಓದಿ ಹೋಗುವವಳು, ಇವತ್ತು ಬರೆಯಬೇಕು ಅನ್ನಿಸಿತು.

ನಮ್ಮ ತಾತ ಅಜ್ಜಿಗೆ ಇಬ್ಬರು ಗಂಡುಮಕ್ಕಳು. ನಮ್ಮಪ್ಪ ದೊಡ್ಡವರು. ತಾತ ನಮ್ಮ ಮನೆ, ಅಜ್ಜಿ ಚಿಕ್ಕಪ್ಪನ ಮನೆ. ಆರು ತಿಂಗಳಿಗೊಮ್ಮೆ ಅದಲು ಬದಲು. ಯಾರೂ ಜಗಳ ಮಾಡಿ ಹೀಗೆ ಮಾಡಿದ್ದಲ್ಲ. ಎರಡೂ ಮನೆಯಲ್ಲಿ ಎರಡೇ ಕೋಣೆ. ಚಿಕ್ಕಮ್ಮನಿಗೆ ಎಳೇ ಮಗು, ನೋಡಿಕೊಳ್ಳೋಕೆ ಹೆಂಗಸು ಬೇಕಿತ್ತು. ನಮ್ಮ ಮನೆಯಲ್ಲಿ ನಾವು ಶಾಲೆಯಿಂದ ಬಂದಾಗ ಬಾಗಿಲು ತೆಗೆಯೋಕೆ ದೊಡ್ಡವರು ಯಾರಾದರೂ ಬೇಕಿತ್ತು. ಲೆಕ್ಕ ಸರಿಯಾಗಿಯೇ ಇತ್ತು.

ಅಜ್ಜಿ ನಮ್ಮ ಮನೆಗೆ ಬಂದ ಆರು ತಿಂಗಳು ಬಟ್ಟೆಯನ್ನು ಚೀಲದಿಂದ ತೆಗೆದು ಗೂಡಿಗೆ ಇಡುತ್ತಿರಲಿಲ್ಲ. ಅಮ್ಮ ಗೂಡು ಖಾಲಿ ಮಾಡಿ, ಪೇಪರ್ ಹಾಸಿ ಕೊಟ್ಟಿದ್ದರು. ಅಜ್ಜಿ ದಿನಾ ಒಗೆದು, ಒಣಗಿಸಿ, ಮಡಿಚಿ ಮತ್ತೆ ಅದೇ ಚೀಲಕ್ಕೆ. ನೀಲಿ ಬಣ್ಣದ ಪ್ಲಾಸ್ಟಿಕ್ ಹೆಣಿಗೆಯ ಚೀಲ. ಒಂದು ಹಿಡಿ ಕಿತ್ತುಹೋಗಿ ದಾರ ಕಟ್ಟಿದ್ದರು. ನಾನು ಕೇಳಿದರೆ ‘ಇರಲಿ ಬಿಡೇ, ಹೊರಡೋವಾಗ ಸುಲಭ’ ಅನ್ನುತ್ತಿದ್ದರು.

ಅದಲು ಬದಲಾಗುವ ದಿನ ಮಾತ್ರ ತಾತ ಅಜ್ಜಿ ಒಟ್ಟಿಗೆ ಇರುತ್ತಿದ್ದರು. ಒಂದು ಊಟ. ತಾತ ಬೆಳಗ್ಗೆಯೇ ಗಡ್ಡ ಹೆರೆದುಕೊಂಡು, ಒಗೆದ ಪಂಚೆ ಉಟ್ಟು ಕಾಯುತ್ತಿದ್ದರು. ಮಾತು ಏನೂ ಇರುತ್ತಿರಲಿಲ್ಲ. ಅಜ್ಜಿ ಬಡಿಸುವರು, ತಾತ ಉಣ್ಣುವರು, ‘ಉಪ್ಪು ಸರಿಯಾಗಿದೆಯಾ’, ‘ಹ್ಞೂಂ’.

ನಮ್ಮಪ್ಪ ಕೆಟ್ಟ ಮಗ ಅಲ್ಲ. ಚಿಕ್ಕಪ್ಪನೂ ಅಲ್ಲ. ಹಾಗಾಗಿ ಈ ಸಿನಿಮಾ ನೋಡಿ ಮಕ್ಕಳನ್ನು ಬೈಯುವುದು ನನ್ನಿಂದ ಆಗುವುದಿಲ್ಲ. ಒಂದೇ ಬೇಜಾರು. ನಿಮಗೆ ಹೇಗೆ ಬೇಕು ಅಂತ ಅವರಿಬ್ಬರನ್ನೂ ಯಾರೂ ಒಂದು ಸಲ ಕೇಳಲಿಲ್ಲ.

ಮೇಷ್ಟ್ರಮಗಳು

ಓದಿ ಸುಮ್ಮನೆ ಕೂತುಬಿಟ್ಟೆ. ಆ ಚೀಲ.

ಕಟುವಿಮರ್ಶೆ

ಎಲ್ಲರೂ ಭಾವುಕರಾಗಿದ್ದೀರಿ, ಕ್ಷಮಿಸಿ, ನಾನು ಸ್ವಲ್ಪ ನೀರು ಹಾಕುತ್ತೇನೆ.

ಇಂಥ ಸಂಸಾರದ ಸಿನಿಮಾಗಳ ಮೇಲೆ ನನಗೆ ಎರಡು ಸಿಟ್ಟು. ಒಂದು, ಈ ಮಾದರಿಯಲ್ಲಿ ಬೈಗುಳ ಯಾವಾಗಲೂ ಸೊಸೆಗೆ. ಮಗ ಒಳ್ಳೆಯವನೇ, ಹೆಂಡತಿ ಮಾತು ಕೇಳಿ ಕೆಟ್ಟ, ಅಂತ. ಹೆತ್ತವರನ್ನು ನೋಡಿಕೊಳ್ಳಬೇಕಾದವನು ಇವನು, ದಿನಾ ಬಿಸಿನೀರು ಕಾಯಿಸಿ ಕೊಡುವವಳು ಅವಳು. ಕೊಡದಿದ್ದರೆ ರಾಕ್ಷಸಿ. ಕೊಟ್ಟರೆ? ಅದಕ್ಕೊಂದು ದೃಶ್ಯವೂ ಇರಲ್ಲ, ಹಾಡೂ ಇರಲ್ಲ. ಎರಡನೇದು, ಹೆಣ್ಣುಮಕ್ಕಳು ಲೆಕ್ಕಕ್ಕೇ ಇಲ್ಲ. ಮಗಳ ಮನೆಯಲ್ಲಿ ಇರುವುದು ಅಪ್ಪ ಅಮ್ಮನಿಗೆ ಅವಮಾನ ಅನ್ನುವುದು ಹೇಳದೆಯೇ ಎಲ್ಲರಿಗೂ ಗೊತ್ತು.

ಚೀಲದಜ್ಜಿಯವರೇ, ನಿಮ್ಮ ಅತ್ತೆಯಂದಿರು ಇದ್ದರಾ?

ಚೀಲದಜ್ಜಿ

ಒಬ್ಬರು ಅತ್ತೆ ಇದ್ದರು. ದೊಡ್ಡ ಮನೆ, ತೋಟದ ಮನೆ. ಇಬ್ಬರನ್ನೂ ಕಳಿಸಿ ಅಂತ ಎಷ್ಟೋ ಸಲ ಕೇಳಿದ್ದರು. ತಾತ ಹೋಗಲಿಲ್ಲ. ನೀವು ಹೇಳಿದ ಕಾರಣಕ್ಕೇ. ಈ ಪ್ರಶ್ನೆಯನ್ನು ಇಷ್ಟು ವರ್ಷ ನಾನೇ ಕೇಳಿಕೊಂಡಿರಲಿಲ್ಲ ನೋಡಿ.

ಕೋರ್ಟುಕಚೇರಿ

ಕಾನೂನಿನ ಕಡೆಯಿಂದ ಎರಡು ಮಾತು, ಯಾಕಂದ್ರೆ ಇಂಥ ರಂಗಪ್ಪ ಮೇಷ್ಟ್ರುಗಳನ್ನು ನಾನು ವಾರಕ್ಕೊಮ್ಮೆ ನೋಡುತ್ತೇನೆ.

ಸಿನಿಮಾ ಬಂದಾಗ 1956ರ ಹಿಂದೂ ದತ್ತಕ ಮತ್ತು ಜೀವನಾಂಶ ಕಾಯ್ದೆ ಆಗಲೇ ಇತ್ತು. ವಯಸ್ಸಾದ, ದುಡಿಯಲಾಗದ ತಂದೆ ತಾಯಿಯನ್ನು ನೋಡಿಕೊಳ್ಳುವ ಹೊಣೆ ಮಗನಿಗೂ ಇದೆ, ಮಗಳಿಗೂ ಇದೆ ಅಂತ ಅದರಲ್ಲಿ ಬರೆದಿದೆ. ಆದರೆ ಮಗನ ಮೇಲೆ ಸಿವಿಲ್ ಕೋರ್ಟಿಗೆ ಹೋಗುವ ಮೇಷ್ಟ್ರು ಯಾರಿದ್ದಾರೆ? ಈಗ 2007ರ ಹಿರಿಯ ನಾಗರಿಕರ ಕಾಯ್ದೆ ಇದೆ. ನಮ್ಮ ರಾಜ್ಯದಲ್ಲಿ ಅರ್ಜಿ ಹಾಕುವುದು ಉಪವಿಭಾಗಾಧಿಕಾರಿಯ ಮುಂದೆ, ಜನ ‘ಎ.ಸಿ. ಕೋರ್ಟು’ ಅನ್ನುತ್ತಾರೆ. ‘ನೋಡಿಕೊಳ್ಳುತ್ತೇನೆ’ ಅಂತ ಷರತ್ತಿನ ಮೇಲೆ ಆಸ್ತಿ ಬರೆಸಿಕೊಂಡು ಆಮೇಲೆ ಕೈಬಿಟ್ಟರೆ, 23ನೇ ಸೆಕ್ಷನ್ ಪ್ರಕಾರ ಆ ದಾನಪತ್ರವನ್ನು ರದ್ದು ಮಾಡಿಸಬಹುದು. ಷರತ್ತು ಪತ್ರದಲ್ಲೇ ಬರೆಸಿದ್ದರೆ ಕೆಲಸ ಸಲೀಸು. ನಮ್ಮವರು ಬರೆಸಲ್ಲ. ‘ಮಗನ ಹತ್ತಿರ ಷರತ್ತಾ?’ ಅನ್ನುತ್ತಾರೆ.

ಅರ್ಜಿ ಹಾಕೋಕೆ ಬರುವವರು ಮೊದಲು ಹೇಳುವ ಮಾತು ಯಾವಾಗಲೂ ಒಂದೇ: ‘ಅವನಿಗೆ ತೊಂದರೆ ಆಗಬಾರದು ಸಾರ್, ಸ್ವಲ್ಪ ಬುದ್ಧಿ ಬಂದರೆ ಸಾಕು’. ಅರ್ಧಕ್ಕರ್ಧ ಜನ ಸಹಿ ಹಾಕದೆ ಎದ್ದು ಹೋಗುತ್ತಾರೆ.

ಬಳಪ

ನಾನು ಈಗ ಸರ್ವೀಸಿನಲ್ಲಿರುವ ಟೀಚರು. ಹಳೇರೀಲು ಅವರೇ, ಮೇಷ್ಟ್ರು ಎಡವಿದ್ರಾ ಅಂತ ಕೇಳಿದಿರಲ್ಲ, ದುಡ್ಡಿನ ಕಡೆಯಿಂದ ನೋಡಿ. ಹಳ್ಳಿ ಮೇಷ್ಟ್ರು ಸಂಬಳದಲ್ಲಿ ಮಕ್ಕಳನ್ನು ಓದಿಸಿ, ಮದುವೆ ಮಾಡಿ, ಸಾಲ ಇಲ್ಲದೆ ನಿವೃತ್ತಿ ಆಗುವುದು ಹೇಗೆ? ಕೊನೆಗೆ ಮಗನ ಮುಂದೆ ಕೈ ಚಾಚಬೇಕು. ಮಗನೂ ಸಂಬಳದವನೇ.

ನಮ್ಮ ಅಪ್ಪನ ಕಾಲದವರಿಗೆ ಪಿಂಚಣಿ ಬಂದು ಮಾನ ಉಳಿಯಿತು. ಮೊದಲ ವಾರದಲ್ಲಿ ಬ್ಯಾಂಕಿಗೆ ಹೋಗಿ ಪಾಸ್‌ಬುಕ್ ಎಂಟ್ರಿ ಮಾಡಿಸಿಕೊಂಡು ಬರುವಾಗ ಅವರ ನಡಿಗೆಯೇ ಬೇರೆ. ಮೊಮ್ಮಕ್ಕಳಿಗೆ ಬಿಸ್ಕತ್ತು, ಸೊಸೆ ಕೈಗೆ ಸ್ವಲ್ಪ ದುಡ್ಡು. ಮನೆಯಲ್ಲಿ ಕುರ್ಚಿ ಅಲ್ಲಾಡಲಿಲ್ಲ. ಆದರೆ 2006ರ ಏಪ್ರಿಲ್ 1ರಿಂದ ಈಚೆಗೆ ಕೆಲಸಕ್ಕೆ ಸೇರಿದ ನಮ್ಮಂಥವರದು ಎನ್‌ಪಿಎಸ್, ಅಂದ್ರೆ ಹೊಸ ಪಿಂಚಣಿ ಯೋಜನೆ. ಕೊನೆಗೆ ಕೈಗೆ ಎಷ್ಟು ಬರುತ್ತದೆ ಅಂತ ಮಾರುಕಟ್ಟೆ ಹೇಳಬೇಕು. ಸ್ಟಾಫ್‌ರೂಮಿನಲ್ಲಿ ಈ ಮಾತು ಬಂದಾಗಲೆಲ್ಲ ನಮ್ಮ ಹಿರಿಯ ಮೇಡಂ ಒಬ್ಬರು ‘ಶಿಷ್ಯರನ್ನ ಚೆನ್ನಾಗಿ ಓದಿಸಿ, ಯಾವನಾದ್ರೂ ಎಸ್‌ಪಿ ಆಗ್ತಾನೆ’ ಅನ್ನುತ್ತಾರೆ. ಎಲ್ಲರೂ ನಗುತ್ತೇವೆ. ಪೂರ್ತಿ ತಮಾಷೆ ಅಲ್ಲ.

ಟೆಂಟ್‌ಸಿನಿಮಾ

ಹಾಡಿನ ಮಾತು ಯಾರೂ ಎತ್ತಲೇ ಇಲ್ಲವಲ್ಲ! ‘ಸ್ವಾಮಿ ದೇವನೆ ಲೋಕಪಾಲನೆ’. ಬರೆದವರು ಸೋಸಲೆ ಅಯ್ಯಾಶಾಸ್ತ್ರಿ, ಸಿನಿಮಾಕ್ಕಿಂತ ಎಷ್ಟೋ ಹಳೆಯದು. ಚಿತ್ರದ ಬೇರೆ ಹಾಡುಗಳು ಕಣಗಾಲ್ ಪ್ರಭಾಕರ ಶಾಸ್ತ್ರಿಗಳವು. ಅವೂ ಚೆನ್ನ. ಆದರೆ ಊರೂರಿಗೆ ಇಳಿದಿದ್ದು ಈ ಪ್ರಾರ್ಥನೆ.

ಬಯಲುಸೀಮೆ

ಅದು ಸಿನಿಮಾ ಹಾಡಾ?! ನಮ್ಮ ಶಾಲೆಯಲ್ಲಿ ಏಳು ವರ್ಷ ದಿನಾ ಹೇಳಿದ್ದೇನೆ. ಬಿಸಿಲಲ್ಲಿ ನಿಂತು, ಮುಂದಿನವನ ಕಾಲರ್ ಒಳಗೆ ಹುಲ್ಲಿನ ಕಡ್ಡಿ ಹಾಕುತ್ತಾ. ‘ನಮೋಸ್ತುತೇ’ ಅನ್ನೋದನ್ನ ನಾವು ಹುಡುಗರು ‘ನಮ್ಮೂರ್ ಸ್ತುತೇ’ ಅನ್ನುತ್ತಿದ್ದೆವು. ನಮ್ಮೂರನ್ನ ಹೊಗಳೋದು ಅಂತಲೇ ನಾನು ತಿಳಿದಿದ್ದೆ.

ಮೇಷ್ಟ್ರಮಗಳು

😂 ನಮ್ಮಪ್ಪ ಕೇಳಿದ್ದರೆ ನಿಮ್ಮನ್ನು ಬೆಂಚಿನ ಮೇಲೆ ನಿಲ್ಲಿಸುತ್ತಿದ್ದರು. ಕೈ ಮಾತ್ರ ಎತ್ತುತ್ತಿರಲಿಲ್ಲ.

ಗೋಡೆಗಡಿಯಾರ

ಒಂದು ಅನುಮಾನ. ಶಿಕ್ಷಕರ ದಿನಕ್ಕೆ ಇದನ್ನು ಬಿಡುಗಡೆ ಮಾಡಿದ್ರಾ?

ಟೆಂಟ್‌ಸಿನಿಮಾ

ಆಗ ಶಿಕ್ಷಕರ ದಿನವೇ ಇರಲಿಲ್ಲ. ಸೆಪ್ಟೆಂಬರ್ 5 ಅಂತ ಶುರುವಾಗಿದ್ದು 1962ರಲ್ಲಿ, ರಾಧಾಕೃಷ್ಣನ್ ರಾಷ್ಟ್ರಪತಿಯಾದ ಮೇಲೆ. ಮೇಷ್ಟ್ರಿಗೆ ಹೂವಿನ ಹಾರ ಹಾಕುವ ದಿನ ಬರುವ ಮೊದಲೇ ಬಂದ ಸಿನಿಮಾ ಇದು. ರಾಜ್ಯದ ಹೆಸರೂ ಇನ್ನೂ ಮೈಸೂರು.

ಹಳೇರೀಲು

ಇಷ್ಟೆಲ್ಲ ಓದಿದ ಮೇಲೆ ನಿನ್ನೆ ರಾತ್ರಿ ಅಮ್ಮನ ಜೊತೆ ಕೂತು ಮತ್ತೊಂದು ಸಲ ನೋಡಿದೆ. ಅಮ್ಮನಿಗೆ 74. ಕಣ್ಣಿನ ಆಪರೇಷನ್ ಆಗಿದೆ, ಆದರೂ ರಾಜಮ್ಮ ಬಂದಾಗಲೆಲ್ಲ ಕನ್ನಡಕ ಸರಿಮಾಡಿಕೊಂಡು ಮುಂದೆ ಬಗ್ಗುತ್ತಿದ್ದರು.

ಮಕ್ಕಳ ತಪ್ಪೋ ಮೇಷ್ಟ್ರ ತಪ್ಪೋ ಅಂತ ಕೇಳಿದೆ. ಅಮ್ಮನಿಗೆ ಆ ಪ್ರಶ್ನೆಯೇ ರುಚಿಸಲಿಲ್ಲ. ‘ಹೆಂಗಸನ್ನ ಒಂದು ಕಡೆ, ಗಂಡಸನ್ನ ಒಂದು ಕಡೆ ಕಳಿಸಿದ್ರಲ್ಲ, ಅವಳು ಆಗ ಬಾಯಿ ಬಿಟ್ಟು ಬರಲ್ಲ ಅನ್ನಬೇಕಿತ್ತು’ ಅಂದರು. ಚೀಲದಜ್ಜಿಯವರು ಬರೆದಿದ್ದನ್ನು ಓದಿ ಹೇಳಿದೆ. ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ, ನೀರು ಕುಡಿಯೋಕೆ ಎದ್ದವರು ಅಡುಗೆಮನೆಯಿಂದಲೇ ಕೂಗಿ ಹೇಳಿದರು: ‘ಆ ಮನೆ ಹೆಂಡತಿ ಹೆಸರಲ್ಲಿ ಮಾಡಿಸಬೇಕಿತ್ತು ಕಣೋ. ಹರಾಜಿಗೇ ಬರ್ತಿರಲಿಲ್ಲ.’

ಕೋರ್ಟುಕಚೇರಿಯವರೇ, ಇದಕ್ಕೆ ಏನಂತೀರಿ?

ಕೋರ್ಟುಕಚೇರಿ

ನಿಮ್ಮಮ್ಮನಿಗೆ ನನ್ನ ನಮಸ್ಕಾರ ಹೇಳಿ. ನನ್ನ ಕಕ್ಷಿದಾರರಿಗಿಂತ ಜಾಸ್ತಿ ತಿಳಿವಳಿಕೆ ಇದೆ. ಆದರೆ ರಂಗಪ್ಪ ಮೇಷ್ಟ್ರು ಸಾಲದ ಪತ್ರ ತಂದು ಮುಂದೆ ಇಟ್ಟಿದ್ದರೆ, ಆ ತಾಯಿ ಏನು ಎತ್ತ ಅಂತ ಕೇಳದೆ ಹೆಬ್ಬೆಟ್ಟು ಒತ್ತುತ್ತಿದ್ದರು. ದಿನಾ ನೋಡುತ್ತೇನೆ.